ಕಿತ್ತಯ್ಯನ ಕಲ್ಲು: ವೀರಗಲ್ಲಿನ ಓದು ಮತ್ತು ರಕ್ಷಣೆ

ಕನ್ನಡ ಸಾಹಿತ್ಯದ ಚರಿತ್ರೆಯನ್ನು ಬರೆಯುವವರು ಶಾಸನಗಳನ್ನು ಆಕರಗಳೆಂದು ಬಳಸುವುದುಂಟು. ಸಾಹಿತ್ಯವೆಂದು ಓದುವುದು ವಿರಳ. ಬಾದಾಮಿಯ ಕಪ್ಪೆ ಅರಭಟ್ಟನ ಶಾಸನಕ್ಕೂ ಶ್ರವಣಬೆಳಗೊಳದ ನಿಸಿದಿ ಶಾಸನಗಳಿಗೂ ದೊರೆತ ಮನ್ನಣೆ, ಹಳ್ಳಿಹಳ್ಳಿಗಳ ವೀರಗಲ್ಲುಗಳ ಗದ್ಯಕ್ಕೆ ದೊರೆತಿಲ್ಲ. ಡಾ. ಎಂ. ಚಿದಾನಂದಮೂರ್ತಿಯವರ ‘ಕನ್ನಡ ಶಾಸನಗಳ ಸಾಂಸ್ಕೃತಿಕ ಅಧ್ಯಯನ’ (1966) ಈ ಕಲ್ಲುಗಳ ಹಿಂದಿರುವ ಜನಜೀವನವನ್ನು ತೆರೆದು ತೋರಿಸಿತು. ಆ ದಾರಿಯಲ್ಲಿ ಇನ್ನೊಂದು ಹೆಜ್ಜೆ ಮುಂದಿಟ್ಟು, ವೀರಗಲ್ಲಿನ ಮಾತನ್ನೇ ವಿಮರ್ಶೆಯ ಕಣ್ಣಿನಿಂದ ನೋಡಬೇಕಾಗಿದೆ. ಬೆಂಗಳೂರಿನ ಉತ್ತರ ಭಾಗದಲ್ಲಿರುವ ಹೆಬ್ಬಾಳದ ಕಿತ್ತಯ್ಯನ ಕಲ್ಲು ಅದಕ್ಕೆ ತಕ್ಕ ನಿದರ್ಶನ.

ಈ ಕಲ್ಲು ಬೆಳಕಿಗೆ ಬಂದುದು 2018ರಲ್ಲಿ, ಹೆಬ್ಬಾಳದ ಹಳೆಯ ಊರಿನಲ್ಲಿ ಚರಂಡಿಗಾಗಿ ನೆಲವನ್ನು ಅಗೆಯುತ್ತಿದ್ದಾಗ. ಬಿ. ಎಲ್. ರೈಸ್ ಅವರು 1905ರಲ್ಲಿ ಪ್ರಕಟಿಸಿದ ಎಪಿಗ್ರಾಫಿಯ ಕರ್ನಾಟಿಕದ ಬೆಂಗಳೂರು ಜಿಲ್ಲೆಯ ಸಂಪುಟದಲ್ಲಿ ಇದು ಇರಲಿಲ್ಲ. ಮೇಲ್ಸೇತುವೆ, ವಿಮಾನ ನಿಲ್ದಾಣದ ಹೆದ್ದಾರಿಗಳಿಂದ ಗುರುತೇ ಸಿಗದಂತೆ ಮಾರ್ಪಟ್ಟ ನೆಲದಡಿಯಲ್ಲಿ ಸಾವಿರದ ಇನ್ನೂರು ವರ್ಷಗಳಿಗೂ ಹಿಂದಿನ ಕನ್ನಡ ಉಳಿದಿತ್ತು. ಇದರ ಕಾಲ ಸುಮಾರು ಕ್ರಿ.ಶ. 750. ಬೆಂಗಳೂರು ನಗರದಲ್ಲಿ ಇದುವರೆಗೆ ದೊರೆತ ಕನ್ನಡ ಶಾಸನಗಳಲ್ಲಿ ಇದೇ ಅತ್ಯಂತ ಹಳೆಯದೆಂದು ಗಣಿತವಾಗಿದೆ.

ಶಾಸನದ ಒಕ್ಕಣೆ ಬಹು ಚಿಕ್ಕದು. ತಲಕಾಡಿನ ಗಂಗರ ಶ್ರೀಪುರುಷ ಮಹಾರಾಜನು ಪೃಥ್ವೀರಾಜ್ಯವನ್ನು ಆಳುತ್ತಿರಲು, ಪೆರ್ಬೊಳಲ್ನಾಡು ಮೂವತ್ತನ್ನು ಸ್ಥಳೀಯ ಅರಸನೊಬ್ಬನು ಆಳುತ್ತಿರಲು, ರಟ್ಟವಾಡಿಯ ದಾಳಿಯಲ್ಲಿ ಕಿತ್ತಯ್ಯನೆಂಬವನು ಕಾದಿ ಬಿದ್ದು ಇಂದ್ರನ ಲೋಕವನ್ನು ಹೊಕ್ಕನೆಂಬುದು ಅದರ ಸಾರ. ಇದರ ರಚನಾಕ್ರಮವನ್ನು ಗಮನಿಸಬೇಕು. ಮಾತು ಪೃಥ್ವಿಯಿಂದ ತೊಡಗುತ್ತದೆ. ಮೂವತ್ತು ಹಳ್ಳಿಗಳ ನಾಡಿಗೆ ಇಳಿಯುತ್ತದೆ. ಕೊನೆಗೆ ಒಬ್ಬನೇ ಮನುಷ್ಯನಲ್ಲಿ ನಿಲ್ಲುತ್ತದೆ. ಅರಸರ ಆಳ್ವಿಕೆಗಳೆರಡೂ ಕಾಲವನ್ನು ಹೇಳುವ ಅಧೀನ ವಾಕ್ಯಗಳಾಗಿ ಹಿಂದೆ ಸರಿದು, ಪ್ರಧಾನ ವಾಕ್ಯದ ಕರ್ತೃಪದವು ಕಿತ್ತಯ್ಯನದಾಗುತ್ತದೆ. ವ್ಯಾಕರಣವು ಆಸ್ಥಾನದ ಶ್ರೇಣಿಯನ್ನು ಒಪ್ಪಿಯೂ ಗೌರವವನ್ನು ಸಾಮಾನ್ಯನಿಗೆ ಸಲ್ಲಿಸಿದೆ. ಅವನ ಶೌರ್ಯವನ್ನು ಹಿಗ್ಗಿಸುವ ಉಪಮೆಯಿಲ್ಲ, ಬಿರುದುಗಳ ಸಾಲಿಲ್ಲ.

ಊರಿನ ಹೆಸರೂ ಈ ಕಲ್ಲಿನಿಂದಲೇ ಅರ್ಥವಾಗುತ್ತದೆ. ‘ಪೊಳಲ್’ ಎಂದರೆ ಪಟ್ಟಣ. ‘ಪೆರ್’ ಎಂದರೆ ಹಿರಿದು. ಹಳಗನ್ನಡದ ಪಕಾರವು ಹಕಾರವಾದ ಬಳಿಕ ಪೆರ್ಬೊಳಲು ಹೆಬ್ಬೊಳಲಾಗಿ, ಸವೆದು ಹೆಬ್ಬಾಳವಾಯಿತು. ಭಾಷಾಶಾಸ್ತ್ರದ ವಿದ್ಯಾರ್ಥಿಗೆ ಇದಕ್ಕಿಂತ ಸುಲಭವಾದ ಪಾಠ ಬೇರಿಲ್ಲ.

ಇಂಥ ಶಾಸನವನ್ನು ಓದುವಲ್ಲಿ ಎರಡು ಎಚ್ಚರಗಳು ಅವಶ್ಯ. ಮೊದಲನೆಯದು ಕಾಲನಿರ್ಣಯಕ್ಕೆ ಸಂಬಂಧಿಸಿದುದು. ರಾಷ್ಟ್ರಕೂಟರ ಒಂದನೆಯ ಕೃಷ್ಣನು ಗಂಗವಾಡಿಯ ಮೇಲೆ ನಡೆದುಬಂದು ಮಣ್ಣೆಯಲ್ಲಿ ಬೀಡುಬಿಟ್ಟಿದ್ದನೆಂಬುದು ಕ್ರಿ.ಶ. 768ರ ತಳೇಗಾಂವ್ ತಾಮ್ರಪಟಗಳಿಂದ ತಿಳಿಯುತ್ತದೆ. ಮಣ್ಣೆಯಿರುವುದು ನೆಲಮಂಗಲದ ಸೀಮೆಯಲ್ಲಿ, ಹೆಬ್ಬಾಳಕ್ಕೆ ದೂರವಲ್ಲ. ಕಿತ್ತಯ್ಯನ ಮರಣವನ್ನು ಆ ದಂಡಯಾತ್ರೆಗೆ ಜೋಡಿಸುವ ಆಸೆ ಸಹಜವಾದುದು. ಆದರೆ ಶಕವರ್ಷವಿಲ್ಲದ ಕಲ್ಲಿಗೆ ಲಿಪಿಯ ಆಧಾರದಿಂದ ಕಾಲವನ್ನು ಹೇಳಿರುವಾಗ, ಒಂದು ನಿಶ್ಚಿತ ಯುದ್ಧವನ್ನು ಅದಕ್ಕೆ ಹೊರಿಸುವುದು ವಿದ್ವತ್ತಿನ ಲಕ್ಷಣವಲ್ಲ.

ಎರಡನೆಯ ಎಚ್ಚರ ಭಾವನೆಗೆ ಸಂಬಂಧಿಸಿದುದು. ಕಿತ್ತಯ್ಯನನ್ನು ಕನ್ನಡನಾಡನ್ನು ಪರಕೀಯರಿಂದ ಕಾಪಾಡಿದ ವೀರನೆಂದು ಕೊಂಡಾಡುವುದು ಸುಲಭ. ಆದರೆ ಅವನ ಎದುರಿಗೆ ಬಂದ ರಟ್ಟರು ಯಾರು? ಮುಂದೆ ‘ಕವಿರಾಜಮಾರ್ಗ’ವು ಹುಟ್ಟಿದ್ದು ಆ ರಾಷ್ಟ್ರಕೂಟರ ಆಸ್ಥಾನದಲ್ಲಿಯೇ. ದಾಳಿಮಾಡಿದವರೂ ತಡೆದವರೂ ಒಂದೇ ನುಡಿಯನ್ನು ಪೋಷಿಸಿದ ಅರಸರ ಕಡೆಯವರು. ಅರಸರ ಗಡಿಗಳು ಕದಲುವಾಗ ಬೆಲೆ ತೆತ್ತುದು ಊರು. ವೀರಗಲ್ಲು ಯುದ್ಧದ ವಿಜಯಸ್ತಂಭವಲ್ಲ. ಅದು ಊರಿನ ನಷ್ಟದ ಲೆಕ್ಕ.

ವಚನಸಾಹಿತ್ಯದ ಅಭ್ಯಾಸಿಗಳಿಗೆ ಈ ಮಾತು ಹತ್ತಿರದ್ದಾಗಬೇಕು. ಮಡಿವಾಳ ಮಾಚಯ್ಯ, ಅಂಬಿಗರ ಚೌಡಯ್ಯ, ತುರುಗಾಹಿ ರಾಮಣ್ಣ ಮೊದಲಾದವರು ಕಾಯಕದ ಹೆಸರಿನೊಡನೆ ಸಾಹಿತ್ಯವನ್ನು ಪ್ರವೇಶಿಸಿದುದು ಹನ್ನೆರಡನೆಯ ಶತಮಾನದ ಮಹತ್ಸಾಧನೆ. ಅದಕ್ಕೆ ನಾಲ್ಕು ಶತಮಾನಗಳ ಹಿಂದೆಯೇ ಸಾಮಾನ್ಯರ ಹೆಸರುಗಳನ್ನು ಕನ್ನಡ ಅಕ್ಷರದಲ್ಲಿ ಉಳಿಸಿದವು ಇಂಥ ಕಲ್ಲುಗಳು. ತುರುಗೊಳ್ ಕಾಳಗದಲ್ಲಿ ಊರಿನ ಹಸುಗಳಿಗಾಗಿ ಮಡಿದವರ ಕಲ್ಲುಗಳನ್ನು ಕಂಡವರಿಗೆ ‘ತುರುಗಾಹಿ’ ಎಂಬ ಕಾಯಕದ ತೂಕ ತಿಳಿಯುತ್ತದೆ. ಆದರೆ ಇವೆರಡರ ಅಂತರವೂ ಸ್ಪಷ್ಟವಾಗಿದೆ. ವೀರಗಲ್ಲಿನಲ್ಲಿ ಹೆಸರು ಉಳಿಯಬೇಕಾದರೆ ಮನುಷ್ಯನು ಮಡಿಯಬೇಕಿತ್ತು, ಮತ್ತು ಫಲವು ಇಂದ್ರಲೋಕವಾಗಿತ್ತು. ಮುಂದಿನ ಶತಮಾನಗಳ ಮೂರು ಅಂತಸ್ತಿನ ಕಲ್ಲುಗಳಲ್ಲಿ ಮೇಲಿನ ಅಂತಸ್ತಿಗೆ ಲಿಂಗಪೂಜೆಯ ಕೈಲಾಸವು ಬಂದಿತು. ಶರಣರಾದರೋ ಸ್ವರ್ಗದ ಆಸೆಯನ್ನೇ ಬಿಟ್ಟು, ವೀರವನ್ನು ದಿನನಿತ್ಯದ ನಡೆಗೆ ತಂದರು. ಬದುಕಿ ದುಡಿಯುವವನೂ ಹೆಸರಿಗೆ ಅರ್ಹನೆಂಬುದು ಅವರ ಕ್ರಾಂತಿ. ಈ ಬೆಳವಣಿಗೆಯನ್ನು ಅಳೆಯಲು ಮೊದಲನೆಯ ಮೆಟ್ಟಿಲಾದ ಕಿತ್ತಯ್ಯನ ಕಲ್ಲು ಬೇಕೇ ಬೇಕು.

ಕಲ್ಲು ದೊರೆತ ಬಳಿಕ ಆಸಕ್ತರೂ ಊರಿನವರೂ ಸೇರಿ, ಧನಸಂಗ್ರಹ ಮಾಡಿ, ಅದಕ್ಕೊಂದು ಮಂಟಪವನ್ನು ಕಟ್ಟಿಸಿದುದು ಶ್ಲಾಘನೀಯ. 1909ರಲ್ಲಿ ಸ್ಥಾಪಿತವಾದ ಮಿಥಿಕ್ ಸೊಸೈಟಿಯು 2021ರಿಂದ ಬೆಂಗಳೂರು ಪ್ರದೇಶದ ಶಾಸನಗಳನ್ನು ಮೂರು ಆಯಾಮಗಳ ಛಾಯಾಗ್ರಹಣದಿಂದ ದಾಖಲಿಸುವ ಕಾರ್ಯವನ್ನು ಕೈಗೊಂಡಿತು. ಸವೆದ ಅಕ್ಷರಗಳನ್ನು ಗಣಕದ ಮೇಲೆ ಬೆಳಕು ಬದಲಿಸಿ ಓದಲು ಇದರಿಂದ ಸಾಧ್ಯವಾಗಿದೆ. ಆದರೂ ಪಡಿಯಚ್ಚು ಮೂಲಕ್ಕೆ ಬದಲಿಯಲ್ಲ. ರೈಸ್ ಅವರು ಕಂಡು ದಾಖಲಿಸಿದ ಕಲ್ಲುಗಳಲ್ಲಿ ಎಷ್ಟೋ ಇಂದು ಸ್ಥಳದಲ್ಲಿಲ್ಲ. ರಸ್ತೆ, ಬಡಾವಣೆ, ಅಡಿಪಾಯಗಳು ಅವನ್ನು ನುಂಗಿವೆ. ಭಕ್ತಿಯಿಂದಲೂ ಹಾನಿಯುಂಟು. ಎಣ್ಣೆ, ಅರಿಶಿನ, ಸುಣ್ಣ, ಬಣ್ಣಗಳ ಪದರಗಳಡಿಯಲ್ಲಿ ಅಕ್ಷರ ಮುಚ್ಚಿಹೋಗುತ್ತದೆ. ಸಿಮೆಂಟಿನಲ್ಲಿ ಬುಡವನ್ನು ಹೂಳಿದರೆ ಕೆಳಗಿನ ಸಾಲುಗಳೇ ಮರೆಯಾಗುತ್ತವೆ.

ಸ್ಥಾವರವು ಅಳಿಯುವಂಥದು, ಅದರ ರಕ್ಷಣೆಗೆ ಶರಣಧರ್ಮದವರೇಕೆ ತೊಡಗಬೇಕೆಂದು ಕೆಲವರು ಕೇಳಬಹುದು. ಇಲ್ಲಿ ರಕ್ಷಣೀಯವಾದುದು ಕಲ್ಲಿನ ಗಾತ್ರವಲ್ಲ, ಅದರಲ್ಲಿ ನಿಂತ ನುಡಿ. ಕಲ್ಯಾಣದ ಗಲಭೆಯಲ್ಲಿ ಶರಣರು ಹೊತ್ತು ನಡೆದುದು ವಚನದ ಕಟ್ಟುಗಳನ್ನೆಂದು ಸಂಪ್ರದಾಯವು ನಂಬುತ್ತದೆ. ಡಾ. ಫ. ಗು. ಹಳಕಟ್ಟಿಯವರು ಮನೆಮನೆ ಅಲೆದು ತಾಳೆಗರಿಗಳನ್ನು ಕೂಡಿಹಾಕಿ 1923ರಲ್ಲಿ ‘ವಚನಶಾಸ್ತ್ರಸಾರ’ವನ್ನು ಹೊರತಂದುದೂ ಆ ರಕ್ಷಣೆಯ ಮುಂದುವರಿಕೆಯೇ. ಇನ್ನು ಬಸವಣ್ಣನವರ ಐತಿಹಾಸಿಕತೆಗೆ ವಚನ-ಪುರಾಣಗಳ ಹೊರಗಿನ ಸಾಕ್ಷಿಯನ್ನು ಒದಗಿಸಿದುದು ಹುಕ್ಕೇರಿ ತಾಲ್ಲೂಕಿನ ಅರ್ಜುನವಾಡದ ಕ್ರಿ.ಶ. 1260ರ ಶಾಸನ. ಆ ಒಂದು ಕಲ್ಲನ್ನು ಯಾರಾದರೂ ಮೆಟ್ಟಿಲಿಗೆ ಹಾಸಿದ್ದರೆ ಆದ ನಷ್ಟವನ್ನು ಭಕ್ತರು ಊಹಿಸಿಕೊಳ್ಳಲಿ.

ಆದುದರಿಂದ ವೀರಗಲ್ಲಿಗೆ ಸಲ್ಲಬೇಕಾದ ಮೊದಲ ಪೂಜೆ ಅದರ ಓದು. ಪ್ರತಿ ಊರಿನ ಶಾಲೆಯೂ ಮಠವೂ ತನ್ನ ಸುತ್ತಲಿನ ಕಲ್ಲುಗಳ ಪಟ್ಟಿಯನ್ನು ಸಿದ್ಧಪಡಿಸಿ, ಪಾಠವನ್ನು ಸರಳಗನ್ನಡದಲ್ಲಿ ಬರೆದು ಬದಿಯಲ್ಲಿಡುವುದು ಕಷ್ಟದ ಕಾರ್ಯವಲ್ಲ. ಹೆಬ್ಬಾಳದ ಮಕ್ಕಳು ಕಿತ್ತಯ್ಯನ ಹೆಸರನ್ನು ಅವನ ಕಲ್ಲಿನಿಂದಲೇ ಓದಬಲ್ಲವರಾದರೆ, ಆ ಕಲ್ಲಿಗೆ ಬೇರೆ ಕಾವಲು ಬೇಕಾಗದು.