ಚೆಕಾಫನ ಲೀಡಾ

ಆಂಟನ್ ಚೆಕಾಫನು ಕಥೆಗಾರನೆಂಬುದನ್ನು ಎಲ್ಲರೂ ಬಲ್ಲರು. ಆತನು ಹಳ್ಳಿಯ ವೈದ್ಯನೂ ಆಗಿದ್ದನೆಂಬುದನ್ನು ಬಲ್ಲವರು ವಿರಳ. 1892ರಲ್ಲಿ ಆತನು ಮಾಸ್ಕೋ ನಗರದ ದಕ್ಷಿಣಕ್ಕಿರುವ ಮೆಲಿಖೋವೊ ಗ್ರಾಮದಲ್ಲಿ ನೆಲಸಿದನು. ಆ ವರ್ಷವೇ ಕಾಲರಾ ಭೀತಿಯುಂಟಾಗಲು, 25 ಹಳ್ಳಿಗಳ ವೈದ್ಯಭಾರವನ್ನು ಸಂಬಳವಿಲ್ಲದೆ ಹೊತ್ತನು. ಮುಂದೆ ಝೆಮ್ಸ್ತ್ವೊ ಸಭೆಗೂ ಚುನಾಯಿತನಾದನು. 1864ರಲ್ಲಿ ಏರ್ಪಟ್ಟ ಈ ಸಂಸ್ಥೆಯು, ನಮ್ಮಲ್ಲಿ ಹಿಂದೆ ಇದ್ದ ಜಿಲ್ಲಾ ಬೋರ್ಡುಗಳಂತೆ, ರಸ್ತೆ, ಶಾಲೆ, ಆಸ್ಪತ್ರೆಗಳನ್ನು ನೋಡಿಕೊಳ್ಳುತ್ತಿದ್ದಿತು.

ಇಂಥವನು 1896ರಲ್ಲಿ ಪ್ರಕಟಿಸಿದ ‘ಉಪ್ಪರಿಗೆಯ ಮನೆ’ ಎಂಬ ಕಥೆಯಲ್ಲಿ ಇಂಥ ಸೇವೆಯನ್ನೇ ವಿಚಾರಣೆಗೆ ನಿಲ್ಲಿಸಿದ್ದಾನೆ. ಕಥೆಯನ್ನು ಹೇಳುವವನು ಒಬ್ಬ ಚಿತ್ರಕಾರ. ಜಮೀನ್ದಾರರ ಮನೆಯ ಹಿರಿಯ ಮಗಳು ಲೀಡಾ ಶಾಲೆಯಲ್ಲಿ ಪಾಠ ಹೇಳುತ್ತಾಳೆ, ರೋಗಿಗಳಿಗೆ ಔಷಧ ಕೊಡುತ್ತಾಳೆ, ಝೆಮ್ಸ್ತ್ವೊವನ್ನು ಕೈವಶ ಮಾಡಿಕೊಂಡಿರುವ ಬಲಾಗಿನನ ಮೇಲೆ ಹೋರಾಡುತ್ತಾಳೆ. ಹಳ್ಳಿಗೊಂದು ಚಿಕಿತ್ಸಾಲಯ ಬೇಕೆಂಬುದು ಅವಳ ಹಟ. ಚಿತ್ರಕಾರನಾದರೋ, ಹೊಟ್ಟೆಪಾಡಿನ ದುಡಿಮೆಯಲ್ಲಿ ಬದುಕೆಲ್ಲ ಸವೆಯುತ್ತಿರುವಾಗ ಔಷಧಾಲಯವೂ ಶಾಲೆಯೂ ಬಡವನ ಸಂಕೋಲೆಗೆ ಮತ್ತೊಂದು ಕೊಂಡಿ ಮಾತ್ರವೆನ್ನುತ್ತಾನೆ. ಈ ವಾದ ದುರ್ಬಲವಲ್ಲ. ಎದುರಾಳಿಗೆ ಒಳ್ಳೆಯ ಮಾತುಗಳನ್ನು ಕೊಡುವುದು ಚೆಕಾಫನ ಹಿರಿಮೆ. ತನ್ನ ಬಾಳಿನ ದುಡಿಮೆಗೇ ವಿರುದ್ಧವಾಗಿ ಕೊಡುವುದು ಇನ್ನೂ ಹಿರಿದು.

ಹಲವು ವಾಚಕರು ಚಿತ್ರಕಾರನ ಪಕ್ಷ ವಹಿಸುತ್ತಾರೆ. ಆತನಿಗೂ ತಂಗಿ ಝೇನ್ಯಾಳಿಗೂ ಮೂಡಿದ ಪ್ರೇಮವನ್ನು ಲೀಡಾ ಒಂದೇ ರಾತ್ರಿಯಲ್ಲಿ ಮುರಿದು, ತಾಯಿಯನ್ನೂ ತಂಗಿಯನ್ನೂ ದೂರದ ಊರಿಗೆ ಕಳುಹಿಸಿಬಿಡುತ್ತಾಳೆ. ಲೋಕಕ್ಕೆ ಮದ್ದು ನೀಡುವ ಕೈ ಮನೆಯಲ್ಲಿ ಇಷ್ಟು ಕಠೋರವಾಗಬಹುದೆಂಬುದನ್ನು ಲೇಖಕನು ಮರೆಮಾಚಿಲ್ಲ.

ಆದರೆ ಅನ್ನಾ ಎಂಬವಳನ್ನು ಮರೆಯಲಾಗದು. ಅವಳು ಹೆರಿಗೆಯಲ್ಲಿ ಸತ್ತ ರೈತಹೆಂಗಸು. ಸಮೀಪದಲ್ಲಿ ಚಿಕಿತ್ಸಾಲಯವಿದ್ದಿದ್ದರೆ ಬದುಕುತ್ತಿದ್ದಳೆಂದು ಲೀಡಾ ಹೇಳುತ್ತಾಳೆ. ಚಿತ್ರಕಾರನ ವಾಗ್ಮಿತೆಯೆಲ್ಲವೂ ಈ ಒಂದು ಮರಣಕ್ಕೆ ಉತ್ತರ ಕೊಡಲಾರದು. ಎಲ್ಲರೂ ದುಡಿಮೆಯನ್ನು ಹಂಚಿಕೊಳ್ಳಬೇಕೆಂದು ಬೋಧಿಸುವವನು ತಾನು ಕೈಕಟ್ಟಿ ಕುಳಿತಿದ್ದಾನೆ. ಹಾಗೆ ಕೂರಲಾಗದೆಂಬುದೇ ಲೀಡಾಳ ಪ್ರತ್ಯುತ್ತರ. ಅದು ಸಿದ್ಧಾಂತವಲ್ಲ, ರೋಗಿಯ ಮಂಚದ ಬಳಿ ನಿಂತವರ ಮಾತು.

ಕಥೆಯ ಕೊನೆಯಲ್ಲಿ, ಚುನಾವಣೆಯಲ್ಲಿ ಬಲಾಗಿನನು ಸೋತನೆಂಬ ಸುದ್ದಿ ಹಾದಿಯ ಮಾತಿನಂತೆ ಬರುತ್ತದೆ. ಚಿಕಿತ್ಸಾಲಯ ಬಂದಿತೆ ಎಂಬುದನ್ನು ಕಥೆ ಹೇಳುವುದಿಲ್ಲ. ರಾಜಕಾರಣದ ಜಯಕ್ಕೂ ರೋಗಿಯ ಗುಣಕ್ಕೂ ನಡುವಿನ ಈ ಅಂತರವನ್ನು ಸಭೆಯಲ್ಲಿ ಕುಳಿತ ವೈದ್ಯನು ಚೆನ್ನಾಗಿ ಬಲ್ಲವನು. ಲೀಡಾಳನ್ನು ನಾವು ಪ್ರೀತಿಸಬೇಕೆಂದು ಆತನು ಕೇಳುವುದಿಲ್ಲ; ಅವಳು ಮಾಡಿದ ಕೆಲಸವನ್ನು ಹಗುರಾಗಿ ಕಾಣದಿರೆಂದು ಮಾತ್ರ ಕೇಳುತ್ತಾನೆ.