ತೊಮಿಸ್ಲಾವ್ ಪಿಂಟರ್ ಕಂಡ ಬೆಳಕು

ಓಡುವ ಲಾರಿಯ ಮೇಲೆ ಕಥಾನಾಯಕ ಬೋರಾ ಮೂಟೆ ಸೀಳುತ್ತಾನೆ. ಹೆಬ್ಬಾತಿನ ಬಿಳಿ ಗರಿಗಳು ರಸ್ತೆಯುದ್ದಕ್ಕೂ ಹಾರುತ್ತವೆ. ಅಲೆಕ್ಸಾಂಡರ್ ಪೆಟ್ರೊವಿಚ್ ನಿರ್ದೇಶಿಸಿದ ‘ಸ್ಕುಪ್ಲಿಯಾಚಿ ಪೆರ್ಯಾ’ (1967) ಚಿತ್ರದ ಈ ದೃಶ್ಯ ಒಮ್ಮೆ ಕಂಡರೆ ಸಾಕು, ಮರೆಯಲಾಗದು. ಛಾಯಾಗ್ರಾಹಕ ಜಾಗ್ರೆಬ್‌ನ ತೊಮಿಸ್ಲಾವ್ ಪಿಂಟರ್ (1926–2008). ವೊಯ್ವೊದಿನಾ ಬಯಲಿನ ಕೆಸರು, ರೋಮಾ ಜನರ ಮುಖಗಳು, ಹೆಂಗಸರ ಬಣ್ಣದ ಬಟ್ಟೆ: ಯಾವುದನ್ನೂ ಅವರು ಅಂದಗೊಳಿಸಲು ಹೋಗಲಿಲ್ಲ. ಚಿತ್ರಕ್ಕೆ ಕಾನ್ ಉತ್ಸವದಲ್ಲಿ ತೀರ್ಪುಗಾರರ ವಿಶೇಷ ಪ್ರಶಸ್ತಿ ಬಂತು.

ಅದೇ ಪಿಂಟರ್ ‘ರೊಂದೊ’ (1966) ಚಿತ್ರದಲ್ಲಿ ಚದುರಂಗದ ಮಣೆಯ ಸುತ್ತ ಮೂವರನ್ನು ಕೂರಿಸಿ, ಒಂದೇ ಮನೆಯೊಳಗೆ ಪ್ರೇಮದ ಬಿಗಿತ ಕಟ್ಟಿದರು.

ನನ್ನ ಮಟ್ಟಿಗೆ ಎಲ್ಲಕ್ಕಿಂತ ಮಿಗಿಲಾದದ್ದು ಕಪ್ಪು-ಬಿಳುಪಿನ ‘ತ್ರಿ’ (1965). ಜೌಗು ನೆಲದಲ್ಲಿ ಜರ್ಮನ್ ಸೈನಿಕರಿಂದ ತಪ್ಪಿಸಿಕೊಂಡು ಓಡುವವನ ಏದುಸಿರು ಚಿತ್ರಿಕೆಯಲ್ಲೇ ಕೇಳಿಸುತ್ತದೆ. ಪಿಂಟರ್ ಅವರನ್ನು ಅರಿಯಬಯಸುವವರು ಅಲ್ಲಿಂದಲೇ ಶುರು ಮಾಡಲಿ.