ಸ್ಲೀಪರ್ ಬಸ್ಸಿನ ಇರುಳು

ಬೆಂಗಳೂರಿನಿಂದ ಬೀದರ್, ಬೆಳಗಾವಿ, ಮಂಗಳೂರಿನ ಕಡೆಗೆ ರಾತ್ರಿ ಹೊರಡುವ ಸ್ಲೀಪರ್ ಬಸ್ಸು ಪ್ರಯಾಣ, ನಿದ್ದೆ ಎರಡನ್ನೂ ಒಂದೇ ಟಿಕೆಟ್ಟಿನಲ್ಲಿ ಮುಗಿಸಿಕೊಡುತ್ತದೆ. ಬೆಳಗಾಗುವಷ್ಟರಲ್ಲಿ ಸಂದರ್ಶನಕ್ಕೋ ಕೋರ್ಟಿಗೋ ದೊಡ್ಡಾಸ್ಪತ್ರೆಗೋ ತಲುಪಬೇಕಾದವರಿಗೆ ಲಾಡ್ಜಿನ ಖರ್ಚು ಉಳಿಯುತ್ತದೆ, ಒಂದು ದಿನದ ದುಡಿಮೆಯೂ ಉಳಿಯುತ್ತದೆ. ರೈಲಿನ ಹಳಿಯೇ ಇಲ್ಲದ ಊರುಗಳಿಗೆ ಇದರಷ್ಟು ಉಪಕಾರಿಯಾದ ಏರ್ಪಾಡು ಬೇರೊಂದಿಲ್ಲ. ಕೆಎಸ್‌ಆರ್‌ಟಿಸಿ 2023ರಲ್ಲಿ ‘ಪಲ್ಲಕ್ಕಿ’ ಹೆಸರಿನಲ್ಲಿ ಎಸಿ ಇಲ್ಲದ ಸ್ಲೀಪರ್ ಬಸ್ಸುಗಳನ್ನು ಓಡಿಸತೊಡಗಿದ್ದು ಈ ದೃಷ್ಟಿಯಿಂದ ಮೆಚ್ಚಬೇಕಾದ ಕೆಲಸ. ಮೈಚಾಚಿ ಮಲಗುವ ಅವಕಾಶ ಎಸಿ ದರ ತೆರಬಲ್ಲವರಿಗಷ್ಟೇ ಸೀಮಿತವಾಗಬಾರದು.

ನಿದ್ದೆಯ ಗುಣ ಮಾತ್ರ ಬರ್ತ್ ಎಲ್ಲಿದೆ ಎಂಬುದರ ಮೇಲೆ ನಿಂತಿದೆ. ಹಿಂದಿನ ಗಾಲಿಗಳಾಚೆಯ ಬರ್ತ್ ಪ್ರತಿ ಹಂಪಿಗೂ ಎತ್ತಿ ಹಾಕುತ್ತದೆ. ಶಿರಾಡಿ ಘಾಟಿಯ ತಿರುವುಗಳಲ್ಲಿ ಮೇಲಿನ ಬರ್ತ್ ಹೆಚ್ಚು ತೂಗಾಡುತ್ತದೆ. ನಡುವಿನ ಕೆಳ ಬರ್ತೇ ವಾಸಿ. ಹೆಚ್ಚಿನ ಬಸ್ಸುಗಳಲ್ಲಿ ಶೌಚಾಲಯವಿಲ್ಲ. ಊಟಕ್ಕೆ ನಿಲ್ಲಿಸಿದ ಡಾಬಾದ ನಂತರ ಬಸ್ಸು ಮತ್ತೆ ಎಲ್ಲಿ ನಿಲ್ಲುವುದೋ ತಿಳಿಯದೆ ಎಷ್ಟೋ ಹೆಂಗಸರು ಸಂಜೆಯಿಂದಲೇ ನೀರು ಕುಡಿಯುವುದನ್ನು ಬಿಡುತ್ತಾರೆ. ಮೆತ್ತನೆಯ ಹಾಸಿಗೆಯ ಜಾಹೀರಾತು ಕೊಡುವವರು ಮೊದಲು ಸರಿಪಡಿಸಬೇಕಾದ ಕೊರತೆ ಇದು.

ಇದಕ್ಕಿಂತ ಗಂಭೀರವಾದ ದೋಷ ಬಸ್ಸಿನ ರಚನೆಯಲ್ಲೇ ಇದೆ. ಎರಡು ಅಂತಸ್ತಿನ ಬರ್ತುಗಳ ನಡುವೆ ಒಬ್ಬರು ನಡೆಯುವಷ್ಟೇ ಜಾಗ. ಪರದೆ, ರೆಗ್ಜಿನ್, ಫೋಮ್ ಎಲ್ಲವೂ ಬೇಗ ಹೊತ್ತಿಕೊಳ್ಳುವ ವಸ್ತುಗಳು. ನಿದ್ದೆಗಣ್ಣಿನಲ್ಲಿ, ಹೊಗೆಯಲ್ಲಿ ತುರ್ತು ಬಾಗಿಲು ಹುಡುಕುವುದು ಸುಲಭವಲ್ಲ. ಬೆಂಗಳೂರು–ಹೈದರಾಬಾದ್ ದಾರಿಯಲ್ಲೇ 2013ರ ಅಕ್ಟೋಬರಿನಲ್ಲಿ ಪಾಲೆಂ ಬಳಿ ಬಸ್ಸು ಹೊತ್ತಿ 45 ಮಂದಿ ಸತ್ತರು. 2025ರ ಅಕ್ಟೋಬರಿನಲ್ಲಿ ಕರ್ನೂಲಿನ ಹತ್ತಿರ ಮತ್ತೊಂದು ಬಸ್ಸು ಸುಟ್ಟುಹೋಯಿತು. ಎರಡೂ ಬೆಳಕು ಹರಿಯುವ ಮುನ್ನ ನಡೆದವು. 2011ರಲ್ಲಿ ಇಂಥದೇ ಬೆಂಕಿಗೆ 41 ಜನರನ್ನು ಕಳೆದುಕೊಂಡ ಚೀನಾ ಮರುವರ್ಷವೇ ಹೊಸ ಸ್ಲೀಪರ್ ಬಸ್ಸುಗಳ ನೋಂದಣಿ ನಿಲ್ಲಿಸಿತು. ರೈಲುಜಾಲ ತೆಳುವಾಗಿರುವ ಕರ್ನಾಟಕದಲ್ಲಿ ಅಂಥ ನಿಷೇಧ ಬಡ ಪ್ರಯಾಣಿಕರಿಗೇ ಪೆಟ್ಟು. ಇಲ್ಲಿ ಬೇಕಿರುವುದು ಬೇರೆ: ಭಾರತದಲ್ಲೂ ಸ್ಲೀಪರ್ ಬಸ್ಸುಗಳಿಗೆಂದೇ ಎಐಎಸ್-119 ಎಂಬ ಮಾನದಂಡವಿದೆ; ಬಾಡಿ ಕಟ್ಟುವ ಶೆಡ್ಡಿನಲ್ಲೇ ಅದರ ಪಾಲನೆಯನ್ನು ಪರೀಕ್ಷಿಸಬೇಕು, ಬಸ್ಸು ರಸ್ತೆಗಿಳಿದ ಮೇಲಲ್ಲ.

ಎಲ್ಲರ ನಿದ್ದೆಯೂ ಚಾಲಕನ ಎಚ್ಚರವನ್ನು ನೆಚ್ಚಿಕೊಂಡಿದೆ. ರಾತ್ರಿ ಎರಡರಿಂದ ಐದರವರೆಗೆ ಮನುಷ್ಯನ ಮೈ ತಾನಾಗಿಯೇ ನಿದ್ದೆಗೆ ಜಾರುತ್ತದೆ. ಚಹಾ, ಹಾಡು ಅದನ್ನು ಸ್ವಲ್ಪ ಹೊತ್ತು ಮುಂದೂಡುತ್ತವೆ, ಅಷ್ಟೆ. ಮೋಟಾರು ಸಾರಿಗೆ ಕಾರ್ಮಿಕರ ಕಾಯ್ದೆ 1961ರಲ್ಲೇ ದಿನಕ್ಕೆ ಎಂಟು ಗಂಟೆಯ ದುಡಿಮೆಯ ಮಿತಿ ಹಾಕಿತು. ದೂರದ ಬಸ್ಸುಗಳಲ್ಲಿ ಇಬ್ಬರು ಚಾಲಕರಿರುವುದು ಒಳ್ಳೆಯದೇ. ಆದರೆ ಸರದಿ ಮುಗಿಸಿದವನು ಎಷ್ಟೋ ಖಾಸಗಿ ಬಸ್ಸುಗಳಲ್ಲಿ ಕ್ಯಾಬಿನ್ನಿನ ಮೂಲೆಯಲ್ಲೋ ಸಾಮಾನಿನ ಡಿಕ್ಕಿಯಲ್ಲೋ ಮುದುಡಿ ಮಲಗುತ್ತಾನೆ. ಅವನಿಗೊಂದು ಬರ್ತ್ ಮೀಸಲಿಡಲು ಮಾಲೀಕರು ಒಂದು ಟಿಕೆಟ್ಟಿನ ಹಣ ಬಿಟ್ಟರೆ ಸಾಕು.